ಮೌನಕ್ಕೆ ಮೇಲ್ಮನವಿ ಇಲ್ಲ

ಓದುಗರ ಪತ್ರ: ಕಲ್ಲುಗಣಿ ಗುತ್ತಿಗೆಯ ಅರ್ಜಿ ವರ್ಷಗಟ್ಟಲೆ ಬಾಕಿ ಇದೆಯೆಂದು ಯಾರೋ ಹೈಕೋರ್ಟಿಗೆ ಹೋಗುತ್ತಾರೆ. ಇಷ್ಟು ವಾರಗಳಲ್ಲಿ ತೀರ್ಮಾನಿಸಿ ಎಂದು ನ್ಯಾಯಾಲಯ ಅಧಿಕಾರಿಗಳಿಗೆ ಆದೇಶಿಸುತ್ತದೆ. ಇದು ಗುಡ್ಡ ಕರಗಿಸುವವರ ಕೈಗೆ ಕೋಲು ಕೊಟ್ಟಂತಲ್ಲವೇ? ಕಡತ ಕೊಳೆತರೆ ಗುಡ್ಡವಾದರೂ ಉಳಿದೀತು.
– ನಿವೃತ್ತ ಶಿಕ್ಷಕ, ತುಮಕೂರು ಜಿಲ್ಲೆ

ಸಂಪಾದಕರ ಉತ್ತರ: ಮೇಷ್ಟ್ರೇ, ನಿಮ್ಮ ಆತಂಕಕ್ಕೆ ಕಾರಣವಿದೆ. 2011ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯ ಗಣಿಗಾರಿಕೆಯನ್ನು ನಿಲ್ಲಿಸಿ, ಮರುತಿಂಗಳೇ ಆ ತಡೆಯನ್ನು ಚಿತ್ರದುರ್ಗಕ್ಕೂ ನಿಮ್ಮ ತುಮಕೂರಿಗೂ ವಿಸ್ತರಿಸಿತು. ಆ ದಿನಗಳನ್ನು ಕಂಡವರು ಗಣಿ ಎಂದೊಡನೆ ಬೆಚ್ಚುವುದು ಸಹಜ. ಆದರೆ ನಿಮ್ಮ ಕೊನೆಯ ಮಾತನ್ನು ನಾನು ಒಪ್ಪಲಾರೆ. ಮಕ್ಕಳ ಉತ್ತರಪತ್ರಿಕೆಗಳನ್ನು ತಿದ್ದದೆ ಅಟ್ಟಕ್ಕೆ ಎಸೆದವರಲ್ಲ ನೀವು. ನಪಾಸಾದ ಹುಡುಗನಿಗೂ ಅಂಕ ಬರೆದು ಕೈಗೆ ಕೊಟ್ಟಿರುತ್ತೀರಿ.

ನ್ಯಾಯಾಲಯ ಕೇಳುವುದೂ ಅಷ್ಟನ್ನೇ. ಸಂವಿಧಾನದ 226ನೇ ವಿಧಿಯಡಿ ಇಂತಹ ಪರಮಾದೇಶ (ನಿಮ್ಮ ಕರ್ತವ್ಯ ಮಾಡಿ ಎಂದು ಅಧಿಕಾರಿಗೆ ಹೈಕೋರ್ಟ್ ಕೊಡುವ ಆದೇಶ) ಬಂದಾಗ, ಅಧಿಕಾರಿ ಗಡುವಿನೊಳಗೆ ಕಾರಣ ಬರೆದು ಅರ್ಜಿಯನ್ನು ತಿರಸ್ಕರಿಸಿದರೂ ಆದೇಶ ಪಾಲಿಸಿದಂತೆಯೇ. ಕೆರೆ ಪಕ್ಕದಲ್ಲಿದೆಯೇ, ಕಾಡಿನ ಅಂಚೇ? ಹಾಗೆಂದು ಬರೆಯಲಿ, ಸಹಿ ಹಾಕಲಿ.

ಅರ್ಜಿ ಹಾಕಿದ ಮಾತ್ರಕ್ಕೆ ಹಕ್ಕು ಹುಟ್ಟುವುದಿಲ್ಲ ಎಂದು ಕಾನೂನು ಎಂದೋ ಹೇಳಿದೆ. ತಮಿಳುನಾಡು ಸರ್ಕಾರ 1977ರಲ್ಲಿ ಕಪ್ಪು ಗ್ರಾನೈಟ್ ಗುತ್ತಿಗೆಯನ್ನು ಖಾಸಗಿಯವರಿಗೆ ಕೊಡುವುದನ್ನು ನಿಲ್ಲಿಸಿತು. ನಮ್ಮ ಅರ್ಜಿ ಮೊದಲೇ ಬಂದಿತ್ತು, ಹಳೆಯ ನಿಯಮದಂತೆಯೇ ತೀರ್ಮಾನಿಸಿ ಎಂದು ಅರ್ಜಿದಾರರು ವಾದಿಸಿದರು. ಹಿಂದ್ ಸ್ಟೋನ್ ಪ್ರಕರಣವೆಂದೇ ಹೆಸರಾದ ಅದರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಚಿನ್ನಪ್ಪ ರೆಡ್ಡಿ 1981ರಲ್ಲಿ ಆ ವಾದವನ್ನು ತಳ್ಳಿಹಾಕಿದರು: ತೀರ್ಮಾನದ ದಿನ ಯಾವ ನಿಯಮ ಜಾರಿಯಲ್ಲಿದೆಯೋ ಅದೇ ಅನ್ವಯ. ಗುಡ್ಡಕ್ಕೆ ಇದಕ್ಕಿಂತ ಭದ್ರವಾದ ಬೇಲಿ ಬೇಕೇ?

ಆದರೆ ಇದೇ ತೀರ್ಪಿನಿಂದಾಗಿ ಕಾಯುವವನ ಪಾಡು ಇನ್ನಷ್ಟು ಕಠಿಣವಾಗುತ್ತದೆ. ಕಡತ ಮೇಜಿನ ಮೇಲೆ ಮಲಗಿರುವಾಗಲೇ ನಿಯಮ ಬದಲಾದರೆ ಅವನ ಕಥೆ ಮುಗಿಯಿತು. 2015ರ ಜನವರಿ 12ರಂದು ಗುತ್ತಿಗೆಯನ್ನು ಹರಾಜಿನಲ್ಲೇ ಕೊಡಬೇಕೆಂದು ಕೇಂದ್ರದ ಗಣಿ ಕಾಯ್ದೆಗೆ ತಿದ್ದುಪಡಿ ಬಂದಾಗ, ಕೆಲವು ವಿನಾಯಿತಿಗಳನ್ನು ಬಿಟ್ಟರೆ, ಅಲ್ಲಿಯವರೆಗಿನ ಅರ್ಜಿಗಳೆಲ್ಲ ಅನರ್ಹವಾದವು. ಕಟ್ಟಡದ ಕಲ್ಲು, ಮರಳಿನಂತಹ ಉಪಖನಿಜಗಳ ಕುರಿತ ನಮ್ಮ ರಾಜ್ಯದ ನಿಯಮಗಳಿಗೂ 2016ರಲ್ಲಿ ಅದೇ ಬಗೆಯ ತಿದ್ದುಪಡಿ ಆಯಿತು. ಹರಾಜು ಪದ್ಧತಿ ಒಳ್ಳೆಯದೇ ಇರಬಹುದು. ವರ್ಷಗಟ್ಟಲೆ ಕಾದವನಿಗೆ ಅಷ್ಟು ಕಾಲ ಏಕೆ ಏನನ್ನೂ ಹೇಳಲಿಲ್ಲ ಎಂಬುದಷ್ಟೇ ನನ್ನ ಪ್ರಶ್ನೆ.

ಕಡತ ಎಲ್ಲರಿಗೂ ಒಂದೇ ರೀತಿ ಕೊಳೆಯುವುದಿಲ್ಲ, ಮೇಷ್ಟ್ರೇ. ಬಲವಿದ್ದವನ ಕಡತಕ್ಕೆ ಕಾಲು ಬರುತ್ತದೆ. ಉಳಿ ಸುತ್ತಿಗೆ ಹಿಡಿದು ಚಪ್ಪಡಿ ಸೀಳುವ ಕಲ್ಲುಕುಟಿಗನ ಅರ್ಜಿ ಮಾತ್ರ ಕಟ್ಟಿದ ಕೆಂಪು ದಾರದಲ್ಲೇ ಇರುತ್ತದೆ. ಗುಡ್ಡ ಉಳಿಯಿತೇ ಎಂದರೆ ಅದೂ ಇಲ್ಲ. 2021ರ ಜನವರಿಯಲ್ಲಿ ಶಿವಮೊಗ್ಗದ ಹುಣಸೋಡು, ಫೆಬ್ರುವರಿಯಲ್ಲಿ ಚಿಕ್ಕಬಳ್ಳಾಪುರದ ಹಿರೇನಾಗವಲ್ಲಿ. ಕಲ್ಲುಗಣಿಯ ಸ್ಫೋಟಕ ಸಿಡಿದು ಜನ ಸತ್ತದ್ದನ್ನು ನೆನಪಿಸಿಕೊಳ್ಳಿ. ಅಕ್ರಮ ನಡೆಸುವವನು ಯಾವ ಅರ್ಜಿಯ ತೀರ್ಮಾನಕ್ಕೂ ಕಾಯುವುದಿಲ್ಲ.

ನನ್ನ ತಂದೆ ಪಹಣಿ ತಿದ್ದುಪಡಿಗೆ ಅರ್ಜಿ ಕೊಟ್ಟು ಒಂದು ಕಚೇರಿಗೆ ವರ್ಷಗಟ್ಟಲೆ ಅಲೆದರು. ಪ್ರತಿ ಸಲವೂ ‘ಪರಿಶೀಲನೆಯಲ್ಲಿದೆ’ ಎಂಬ ಒಂದೇ ಮಾತು. ಆಗುವುದಿಲ್ಲ ಎಂದು ಬರೆದುಕೊಟ್ಟಿದ್ದರೆ ಮೇಲಿನವರ ಬಳಿ ಹೋಗಬಹುದಿತ್ತು. ಮೌನಕ್ಕೆ ಮೇಲ್ಮನವಿ ಸಲ್ಲಿಸುವುದು ಹೇಗೆ? ವಿಧವಾ ವೇತನ, ಪಡಿತರ ಚೀಟಿ, ಖಾತೆ ಬದಲಾವಣೆ, ಎಲ್ಲೆಡೆ ಇದೇ ಗೋಳು. ಲಂಚ ಕುದುರುವುದೂ ಈ ಮೌನದ ಮರೆಯಲ್ಲೇ. ಹಕ್ಕಿದೆಯೇ ಎಂದು ನೋಡದೆ ‘ಪರಿಗಣಿಸಿ’ ಎಂದಷ್ಟೇ ಹೇಳಿ ಕೈತೊಳೆದುಕೊಳ್ಳುವ ಆದೇಶಗಳನ್ನು ಸುಪ್ರೀಂ ಕೋರ್ಟೇ 2008ರಲ್ಲಿ ಆಕ್ಷೇಪಿಸಿದೆ, ನಿಜ. ಆದರೂ ಇಂತಹ ಆದೇಶವೂ ಇಲ್ಲದಿದ್ದರೆ ಸಾಮಾನ್ಯನಿಗೆ ಯಾವ ಬಾಗಿಲು ತೆರೆದಿರುತ್ತಿತ್ತು?

ನಿಮ್ಮ ಊರಿನ ಗುಡ್ಡದ ಮೇಲೆ ಎಷ್ಟು ಅರ್ಜಿಗಳು ಬಾಕಿ ಇವೆ, ಯಾವ ವರ್ಷದವು ಎಂದು ಮಾಹಿತಿ ಹಕ್ಕಿನಡಿ ಕೇಳಿ. ಕಾಯ್ದೆ 30 ದಿನಗಳ ಗಡುವು ಕೊಟ್ಟಿದೆ. ಉತ್ತರ ಬಂದರೆ ನಮಗೊಂದು ಪ್ರತಿ ಕಳುಹಿಸಿ, ಪ್ರಕಟಿಸುತ್ತೇನೆ. ಬಾರದಿದ್ದರೆ, ಬರಲಿಲ್ಲವೆಂಬ ನಿಮ್ಮ ಪತ್ರವನ್ನೇ ಪ್ರಕಟಿಸುತ್ತೇನೆ.