ಕಾನೂನು ಪ್ರಶ್ನೋತ್ತರ: ವಿಚಾರಣೆಗೂ ಮೊದಲೇ ಕೇಸು ರದ್ದಾಗುವುದು ಯಾವಾಗ?

ಪ್ರಶ್ನೆ: ಮೇ ತಿಂಗಳಲ್ಲಿ ವ್ಯಾಪಾರಿಯೊಬ್ಬರಿಂದ 2 ಲಕ್ಷ ರೂಪಾಯಿ ಮುಂಗಡ ಪಡೆದು, 6 ಕ್ವಿಂಟಲ್ ಕಾಳುಮೆಣಸು ಕೊಡುವುದಾಗಿ ಚೀಟಿ ಬರೆದುಕೊಟ್ಟಿದ್ದೆ. ಆಗಸ್ಟ್ ಮಳೆಗೆ ಬಳ್ಳಿಗಳಿಗೆ ಸೊರಗು ರೋಗ ಬಂತು, 2 ಕ್ವಿಂಟಲ್ ಮಾತ್ರ ಕೊಡಲಾಯಿತು. ಈಗ ವಂಚನೆ, ನಂಬಿಕೆದ್ರೋಹ ಎಂದು ಎಫ್‌ಐಆರ್ ಆಗಿದೆ. ರದ್ದು ಮಾಡಿಸಬಹುದೇ? – ಓದುಗರು, ಮೂಡಿಗೆರೆ

ಉತ್ತರ: ಅವಕಾಶವಿದೆ. ಆದರೆ 'ನನ್ನ ತಪ್ಪಿಲ್ಲ' ಎಂಬ ವಾದದಿಂದಲ್ಲ. ಈ ಹಂತದಲ್ಲಿ ಹೈಕೋರ್ಟ್ ಸಾಕ್ಷ್ಯ ತೂಗಿ ನೋಡುವುದಿಲ್ಲ. ದೂರಿನಲ್ಲಿ ಬರೆದದ್ದೆಲ್ಲ ನಿಜವೆಂದೇ ಇಟ್ಟುಕೊಂಡರೂ ಅಪರಾಧವಾಗುತ್ತದೆಯೇ ಎಂದು ಕೇಳುತ್ತದೆ. ಕೇಸು ರದ್ದು ಮಾಡಬಹುದೆಂದು ಭಜನ್‌ಲಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ 7 ಸಂದರ್ಭಗಳಲ್ಲಿ, ಅಪರಾಧವೇ ಆಗದಿರುವುದು ಮೊದಲನೆಯದು. ಆದ್ದರಿಂದ ದೂರಿನ ಪ್ರತಿ ತೆಗೆಸಿ ಸಾಲು ಸಾಲಾಗಿ ಓದಿ.

ವಂಚನೆ ಎನ್ನಲು ಹಣ ಪಡೆದ ದಿನವೇ ಮೋಸದ ಉದ್ದೇಶ ಇರಬೇಕು. ಆಮೇಲೆ ಮಾತು ತಪ್ಪಿದ್ದು ಸಿವಿಲ್ ವ್ಯಾಜ್ಯ. 2 ಕ್ವಿಂಟಲ್ ಬಂದಿದೆ ಎಂದು ವ್ಯಾಪಾರಿಯೇ ದೂರಿನಲ್ಲಿ ಒಪ್ಪಿದ್ದರೆ ನಿಮ್ಮ ಅರ್ಧ ಕೆಲಸ ಆದಂತೆ. ಒಪ್ಪದಿದ್ದರೆ ತೂಕದ ಚೀಟಿ, ಬ್ಯಾಂಕ್ ವಿವರ ಲಗತ್ತಿಸಬಹುದು, ಆದರೆ ಯಾರೂ ಅಲ್ಲಗಳೆಯಲಾಗದ ದಾಖಲೆಗಷ್ಟೇ ಅಲ್ಲಿ ಬೆಲೆ. ಇನ್ನು ದಿನಾಂಕ: ಮುಂಗಡ ಮೇ ತಿಂಗಳದು, ರೋಗ ಆಗಸ್ಟಿನದು. ಬಳ್ಳಿ ಸತ್ತ ಮೇಲೆ ಮುಂಗಡ ಪಡೆದಿದ್ದರೆ ನಮ್ಮ ಉತ್ತರ ಬೇರೆಯೇ ಇರುತ್ತಿತ್ತು.

ಮುಂಗಡ ಎಂದರೆ ಮಾಲಿನ ಬೆಲೆಯ ಭಾಗ, ಜೋಪಾನವಾಗಿಡಿ ಎಂದು ಒಪ್ಪಿಸಿದ ಹಣವಲ್ಲ. ನಂಬಿಕೆದ್ರೋಹಕ್ಕೆ ಹಾಗೆ ಒಪ್ಪಿಸಿದ ಹಣವೇ ಬೇಕು, ಹಾಗಾಗಿ ಆ ಆರೋಪ ಇನ್ನೂ ದುರ್ಬಲ. ಒಂದೇ ಸಂಗತಿಗೆ ವಂಚನೆ, ನಂಬಿಕೆದ್ರೋಹ ಎರಡೂ ಒಟ್ಟಿಗೆ ನಿಲ್ಲವು ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಡೆಲ್ಲಿ ರೇಸ್ ಕ್ಲಬ್ ಪ್ರಕರಣದಲ್ಲಿ ಹೇಳಿದೆ. ಠಾಣೆಗಳಲ್ಲಿ ಎರಡನ್ನೂ ಜೋಡಿಸಿ ಹಾಕುವ ರೂಢಿ ಮಾತ್ರ ನಿಂತಿಲ್ಲ.

ಅರ್ಜಿ ಹೊಸ ಕ್ರಿಮಿನಲ್ ಪ್ರಕ್ರಿಯಾ ಕಾನೂನಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಂ ಅಡಿ, ಹೈಕೋರ್ಟಿನ ಬೆಂಗಳೂರು ಪ್ರಧಾನ ಪೀಠಕ್ಕೆ. ಠಾಣೆಯ ಮೂಲಕ ರಾಜ್ಯ ಸರ್ಕಾರ ಒಂದನೇ ಎದುರುದಾರ, ದೂರುದಾರರು ಎರಡನೆಯವರು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ (ಸಿಆರ್‌ಪಿಸಿ) ಇದೇ 482 ಆಗಿತ್ತು. 2024ರ ಜುಲೈ 1ರಿಂದ 482 ಎಂದರೆ ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೂ ಮೊದಲೇ ಪಡೆಯುವ ಜಾಮೀನು. ಕಕ್ಷಿದಾರರಷ್ಟೇ ಅಲ್ಲ, ವಕೀಲರೂ ಆಗಾಗ ತಡವರಿಸುತ್ತಾರೆ.

ರದ್ದತಿ ಅರ್ಜಿ ಹಾಕಿದೊಡನೆ ಬಂಧನದ ಭಯ ಹೋಗದು. ತನಿಖೆಗೆ ತಡೆಯಾಜ್ಞೆಯನ್ನು ಮಾಮೂಲಾಗಿ ಕೊಡಕೂಡದು ಎಂದು ಸುಪ್ರೀಂ ಕೋರ್ಟಿನ 2021ರ ನಿಹಾರಿಕಾ ತೀರ್ಪು ಹೇಳುತ್ತದೆ. ವಂಚನೆಗೆ ಗರಿಷ್ಠ ಶಿಕ್ಷೆ 7 ವರ್ಷವಾದ್ದರಿಂದ ಪೊಲೀಸರು ಸಾಮಾನ್ಯವಾಗಿ ಬಂಧಿಸದೆ, ಹಾಜರಾಗಿ ಎನ್ನುವ 35(3)ನೇ ಕಲಂ ನೋಟಿಸ್ ಕೊಡುತ್ತಾರೆ. ಹೇಳಿದ ದಿನ ಹಾಜರಾಗಿ. ಅಷ್ಟಕ್ಕೂ ಅನುಮಾನವಿದ್ದರೆ ಚಿಕ್ಕಮಗಳೂರಿನ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಕೇಳಿ.

ಪ್ರಶ್ನೆ: ತೆಂಗಿನ ತೋಟದ ಬದುವಿನ ವಿಷಯಕ್ಕೆ ಅಣ್ಣತಮ್ಮಂದಿರು ಹೊಡೆದಾಡಿ ಕೇಸಾಗಿತ್ತು. ಈಗ ರಾಜಿಯಾಗಿದ್ದೇವೆ. ದೂರು ವಾಪಸ್ ಎಂದು ಬರೆದುಕೊಟ್ಟರೂ ಠಾಣೆಯಲ್ಲಿ ಕೇಳುತ್ತಿಲ್ಲ. – ಓದುಗರು, ಅರಸೀಕೆರೆ

ಉತ್ತರ: ಎಫ್‌ಐಆರ್ ಆದ ಮೇಲೆ ಅದು ದೂರುದಾರರ ಕೈಯಲ್ಲಿ ಉಳಿಯುವುದಿಲ್ಲ. ಯಾವ ಕಲಂ ಎಂದು ನೋಡಿ. ಬರಿಗೈ ಹೊಡೆದಾಟದ ಸಾದಾ ಗಾಯವಾಗಿದ್ದರೆ ಹೊಸ ಸಂಹಿತೆಯ 359ನೇ ಕಲಂ ಅಡಿ ಗಾಯಗೊಂಡವರೇ ಮ್ಯಾಜಿಸ್ಟ್ರೇಟರ ಮುಂದೆ ರಾಜಿ ಮಾಡಿಕೊಳ್ಳಬಹುದು, ಅದಕ್ಕೆ ಖುಲಾಸೆಯ ಫಲವೇ ಸಿಗುತ್ತದೆ. ಮಚ್ಚು, ಕುಡುಗೋಲು ಬಳಕೆಯಾಗಿದೆ ಎಂದಿದ್ದರೆ ಆ ಕೋರ್ಟಿನಲ್ಲಿ ರಾಜಿಯಿಲ್ಲ. ಇಬ್ಬರೂ ಪ್ರಮಾಣಪತ್ರ ಹಾಕಿ ಹೈಕೋರ್ಟಿಗೇ ಹೋಗಬೇಕು. ಸುಪ್ರೀಂ ಕೋರ್ಟಿನ 2012ರ ಗಿಯಾನ್ ಸಿಂಗ್ ತೀರ್ಪು ಇಂಥ ಖಾಸಗಿ ಜಗಳಗಳಿಗೆ ದಾರಿ ಬಿಟ್ಟಿದೆ. ಕೊಲೆ, ಅತ್ಯಾಚಾರ, ಡಕಾಯಿತಿಗೆ ಬಿಟ್ಟಿಲ್ಲ. ಗಾಯಾಳುವಿನ ಹೆಸರು ಒಂದು, ರಾಜಿಗೆ ಸಹಿ ಹಾಕಿದವರು ಇನ್ನೊಬ್ಬರು ಎಂದಾದರೆ ಅರ್ಜಿ ಅಲ್ಲೇ ನಿಲ್ಲುತ್ತದೆ. ಎದುರಿನವರೂ ನಿಮ್ಮ ಮೇಲೆ ಕೇಸು ಹಾಕಿದ್ದರೆ ಎರಡಕ್ಕೂ ಬೇರೆ ಬೇರೆ ಅರ್ಜಿ ಹಾಕಿ.

ಪ್ರಶ್ನೆ: ರದ್ದತಿ ಅರ್ಜಿ ಬಾಕಿ ಇರುವಾಗಲೇ ಚಾರ್ಜ್‌ಶೀಟ್ ಬಂದಿದೆ. ಅರ್ಜಿ ಬಿದ್ದುಹೋಯಿತೇ? – ಓದುಗರು, ಹಾಸನ

ಉತ್ತರ: ಇಲ್ಲ. ಚಾರ್ಜ್‌ಶೀಟ್ ಬಂದ ಮಾತ್ರಕ್ಕೆ ಅರ್ಜಿ ಬೀಳದು ಎಂದು ಸುಪ್ರೀಂ ಕೋರ್ಟ್ 2018ರಲ್ಲಿ ಆನಂದ್ ಕುಮಾರ್ ಮೊಹಟ್ಟಾ ಪ್ರಕರಣದಲ್ಲಿ ಹೇಳಿದೆ. ಚಾರ್ಜ್‌ಶೀಟನ್ನೂ ಪ್ರಶ್ನಿಸುವಂತೆ ಕೋರಿಕೆ ತಿದ್ದಿಸಿ, ಅದರ ಪ್ರತಿ ಸಲ್ಲಿಸಿ. ಜೊತೆಗೆ ಒಂದು ಲೆಕ್ಕ ನೆನಪಿಡಿ: ಮ್ಯಾಜಿಸ್ಟ್ರೇಟ್ ಕೋರ್ಟಿನ ವಾರಂಟ್ ಪ್ರಕರಣದಲ್ಲಿ (2 ವರ್ಷಕ್ಕಿಂತ ಹೆಚ್ಚು ಶಿಕ್ಷೆಯ ಅಪರಾಧದ ಕೇಸು) ಆರೋಪದಿಂದ ಬಿಡುಗಡೆ ಕೋರುವ ಅರ್ಜಿಗೆ ಹೊಸ ಸಂಹಿತೆಯ 262ನೇ ಕಲಂ ಕೊಟ್ಟಿರುವುದು ದಾಖಲೆಗಳ ಪ್ರತಿ ಕೈಸೇರಿದ ದಿನದಿಂದ 60 ದಿನ. ತಡೆಯಾಜ್ಞೆ ಸಿಗುವವರೆಗೆ ನಿಮ್ಮ ಕೇಸು ನಡೆಯುವ ಕೋರ್ಟಿನ ಪ್ರತಿ ತಾರೀಖಿಗೂ ಹಾಜರಾಗಿ. ಹೈಕೋರ್ಟಿನಲ್ಲಿ ಅರ್ಜಿ ಇದೆ ಎಂದು ಗೈರಾದರೆ ಬಂಧನ ವಾರಂಟ್ ಮನೆಗೆ ಬರುತ್ತದೆ.