ಮಿಜೊಗುಚಿಯ 'ಟೋಕಿಯೋ ಮಾರ್ಚ್' ಸಿನಿಮಾ ಈಗ ಎಷ್ಟು ಉಳಿದಿದೆ? ಕಥೆ ಏನು?

ಸುಮಾರು ಅರ್ಧ ಗಂಟೆಗಿಂತ ಕಡಿಮೆ. ಇದು ಜಪಾನಿನ ನಿರ್ದೇಶಕ ಕೆಂಜಿ ಮಿಜೊಗುಚಿ 1929ರಲ್ಲಿ ನಿಕ್ಕಾತ್ಸು ಎಂಬ ಸಿನಿಮಾ ಕಂಪನಿಗೆ ಮಾಡಿದ ಮೂಕಿ ಚಿತ್ರ. ಉಳಿದ ಭಾಗ ಕಳೆದುಹೋಗಿದೆ. ಅದೃಷ್ಟಕ್ಕೆ, ಸಿಕ್ಕಿದ್ದರಲ್ಲೇ ಕಥೆಯ ಎಳೆ ಹಿಡಿಯಬಹುದು.

ಮಿಚಿಯೊ ಬಡ ಹುಡುಗಿ. ಗುಡ್ಡದ ಮೇಲೆ ಶ್ರೀಮಂತರ ಮಕ್ಕಳು ಟೆನಿಸ್ ಆಡುತ್ತಾರೆ, ಕೆಳಗೆ ಅವಳಂಥವರ ಕೇರಿ. ಚೆಂಡು ಕೆಳಗೆ ಬೀಳುತ್ತದೆ, ಯೋಶಿಕಿ ಎಂಬ ಯುವಕ ಅವಳನ್ನು ನೋಡುತ್ತಾನೆ. ನನ್ನ ಪ್ರಕಾರ ಇಡೀ ಚಿತ್ರ ಆ ಒಂದು ದೃಶ್ಯದಲ್ಲೇ ಇದೆ: ಮೇಲೆ, ಕೆಳಗೆ, ಮಧ್ಯೆ ಒಂದು ಚೆಂಡು. ಮುಂದೆ ಬಡತನ ತಾಳಲಾರದೆ ಅವಳು ಗೇಶಾ, ಅಂದರೆ ಹಾಡು-ನೃತ್ಯದಿಂದ ಅತಿಥಿಗಳನ್ನು ರಂಜಿಸುವ ವೃತ್ತಿಯವಳು, ಆಗುತ್ತಾಳೆ. ಯೋಶಿಕಿಯ ಜೊತೆ ಅವನ ಗೆಳೆಯ ಸಾಕುಮಾಗೂ ಅವಳ ಮೇಲೆ ಮನಸ್ಸು. ಆಮೇಲೆ ಗುಟ್ಟು ಹೊರಬೀಳುತ್ತದೆ. ಅವಳು ಯೋಶಿಕಿಯ ಅಪ್ಪನಿಗೇ ಹುಟ್ಟಿದವಳು, ಅಂದರೆ ಅವನಿಗೆ ತಂಗಿ! ಕೊನೆಗೆ ಅವಳು ಸಾಕುಮಾನನ್ನು ಮದುವೆಯಾಗುತ್ತಾಳೆ. ಸುಮ್ನೆ ಕೇಳಿದರೆ ಸೀರಿಯಲ್ ಕಥೆ ಅನ್ನಿಸುತ್ತೆ, ಅಲ್ವಾ? ಮೂಲವೂ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದ ಕಿಕುಚಿ ಕಾನ್ ಅವರ ಕಾದಂಬರಿಯೇ.

ತಮಾಷೆ ಅಂದರೆ, ಮೂಕಿಯಾದರೂ ಇದಕ್ಕೊಂದು ಹಾಡಿತ್ತು. ಸಾತೋ ಚಿಯಾಕೊ ಹಾಡಿದ ಆ ರೆಕಾರ್ಡ್ ಜಪಾನಿನಲ್ಲಿ ಭಾರಿ ಹಿಟ್. ಸಿನಿಮಾ ತುಂಡಾಯಿತು, ಹಾಡು ಪೂರ್ತಿ ಉಳಿಯಿತು.

ಜಪಾನಿನ ಮೂಕಿಗಳಲ್ಲಿ ಬಹುಪಾಲು ಹೀಗೇ ಹೋಗಿವೆ. ಆಗಿನ ನೈಟ್ರೇಟ್ ಫಿಲ್ಮಿಗೆ ಬೇಗ ಬೆಂಕಿ ಹತ್ತುತ್ತಿತ್ತು, ಯುದ್ಧದಲ್ಲಿ ಬಾಂಬ್ ಬಿತ್ತು. ಜೊತೆಗೆ, ಓಡಿ ಮುಗಿದ ಚಿತ್ರವನ್ನು ಜೋಪಾನ ಮಾಡುವ ಅಭ್ಯಾಸವೇ ಕಂಪನಿಗಳಿಗೆ ಇರಲಿಲ್ಲ.