ಅತ್ತಿಗೆಯ ದೂರಿನಲ್ಲಿ ನನ್ನ ಹೆಸರೂ ಇದೆ: ವಿಚಾರಣೆಗೆ ಮೊದಲೇ ಪ್ರಕರಣ ಮುಗಿಯಬಹುದೇ?

ಅಣ್ಣನ ಸಂಸಾರದ ಜಗಳ ಠಾಣೆಯವರೆಗೆ ಹೋಗಿದೆ, ಮದುವೆಯಾಗಿ ಬೇರೆ ಊರಿನಲ್ಲಿರುವ ನಿಮ್ಮ ಹೆಸರೂ ಅತ್ತಿಗೆಯ ದೂರಿನಲ್ಲಿ ಸೇರಿದೆ, ಪೊಲೀಸರು ದೋಷಾರೋಪ ಪಟ್ಟಿ ಸಲ್ಲಿಸಿದ್ದಾರೆ. ಸಾಕ್ಷಿಗಳ ವಿಚಾರಣೆಯವರೆಗೆ ಎಳೆಯದೆ ಇದನ್ನು ಮುಗಿಸಬಹುದೇ ಎಂದು ಕೇಳಿದ್ದೀರಿ. ಮುಗಿಸಬಹುದು. ಆದರೆ ‘ನಾನು ತಪ್ಪು ಮಾಡಿಲ್ಲ, ಪುರಾವೆ ಇದೆ’ ಎಂಬ ನಿಮ್ಮ ವಾದ ಈ ಹಂತದಲ್ಲಿ ಹೆಚ್ಚು ದೂರ ಸಾಗುವುದಿಲ್ಲ. ನ್ಯಾಯಾಲಯ ಈಗ ನೋಡುವುದು ಒಂದನ್ನೇ: ದೂರಿನ ಪ್ರತಿ ಮಾತೂ ನಿಜವೆಂದು ಇಟ್ಟುಕೊಂಡರೂ ನಿಮ್ಮ ಮೇಲೆ ಅಪರಾಧ ಕಾಣುತ್ತದೆಯೇ?

ನಾನು ವಕೀಲ. ನಿಮ್ಮಂಥದೇ ಸ್ಥಿತಿಯಲ್ಲಿದ್ದ ಶಿಕ್ಷಕಿಯೊಬ್ಬರು ಚೀಲದ ತುಂಬ ಕಾಗದ ಹೊತ್ತು ತಂದಿದ್ದರು: ಶಾಲೆಯ ಹಾಜರಿ ಪುಸ್ತಕದ ನಕಲು, ಬಸ್ ಟಿಕೆಟ್‌ಗಳು, ನೆರೆಯವರು ಸಹಿ ಹಾಕಿದ ಪತ್ರ. ಅವನ್ನೆಲ್ಲ ಬದಿಗಿರಿಸಿ, ದೂರಿನ ಪ್ರತಿಯನ್ನು ಮುಂದಿಟ್ಟು, ತಮ್ಮ ಪ್ರಸ್ತಾಪ ಬಂದಲ್ಲೆಲ್ಲ ಕೆಂಪು ಪೆನ್ಸಿಲಿನಲ್ಲಿ ಗೆರೆ ಎಳೆಯಲು ಹೇಳಿದೆ. ಐದು ಪುಟಕ್ಕೆ ಎರಡೇ ಗೆರೆ ಬಿದ್ದವು. ಒಂದು ಆರೋಪಿಗಳ ಪಟ್ಟಿಯಲ್ಲಿ, ಇನ್ನೊಂದು ‘ಗಂಡ, ಅತ್ತೆ, ಮಾವ, ನಾದಿನಿ ಎಲ್ಲರೂ ಸೇರಿ ಕಿರುಕುಳ ಕೊಟ್ಟರು’ ಎಂಬ ಸಾಲಿನಲ್ಲಿ. ಯಾವತ್ತು, ಎಲ್ಲಿ, ಏನೆಂದರು ಎಂಬುದು ಒಂದೂ ಇರಲಿಲ್ಲ. ಹೈಕೋರ್ಟಿನಲ್ಲಿ ಅದನ್ನೇ ಹಿಡಿದು ವಾದಿಸಿದೆವು. ಅವರ ಮಟ್ಟಿಗೆ ಪ್ರಕರಣ ರದ್ದಾಯಿತು. ಗಂಡನ ಮೇಲಿನ ಪ್ರಕರಣ ಮುಂದುವರಿಯಿತು. ಅದು ಮುಂದುವರಿಯಬೇಕಾದದ್ದೇ, ಅವನ ಬಗ್ಗೆ ಆ ಹೆಣ್ಣುಮಗಳು ತಾರೀಖು ಸಮೇತ ಬರೆದಿದ್ದಳು.

ರದ್ದುಪಡಿಸುವ ಈ ಅಧಿಕಾರ ಹೈಕೋರ್ಟಿನದು. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಂ ಎನ್ನುತ್ತಿದ್ದೆವು. 2024ರ ಜುಲೈ 1ರಿಂದ ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಂ. ನಮ್ಮ ರಾಜ್ಯದಿಂದಲೇ ಹೋದ ಎಲ್. ಮುನಿಸ್ವಾಮಿ ಪ್ರಕರಣದಲ್ಲಿ, ನ್ಯಾಯಾಲಯದ ಕಲಾಪ ಕಿರುಕುಳದ ಅಸ್ತ್ರವಾಗಲು ಬಿಡಬಾರದು ಎಂದು ಸುಪ್ರೀಂ ಕೋರ್ಟ್ 1977ರಲ್ಲಿ ಹೇಳಿತು. ಯಾವ ಬಗೆಯ ಪ್ರಕರಣಗಳನ್ನು ರದ್ದುಪಡಿಸಬಹುದು ಎಂಬುದಕ್ಕೆ ಭಜನ್ ಲಾಲ್ ತೀರ್ಪು ಏಳು ನಿದರ್ಶನಗಳನ್ನು ಕೊಟ್ಟಿದೆ. ದೂರಿನಲ್ಲಿ ಅಪರಾಧವೇ ಕಾಣದಿರುವುದು, ಕಾನೂನಿನ ಸ್ಪಷ್ಟ ತಡೆ ಇರುವುದು, ಬರೀ ಸೇಡಿಗಾಗಿ ದುರುದ್ದೇಶದಿಂದ ಹೂಡಿರುವುದು ಅವುಗಳಲ್ಲಿ ಸೇರಿವೆ. ನಿಮಗೆ ಹತ್ತಿರವಾದದ್ದು 2022ರ ಕಹ್ಕಶಾನ್ ಕೌಸರ್ ತೀರ್ಪು: ಗಂಡನ ಸಂಬಂಧಿಕರ ಮೇಲೆ ನಿರ್ದಿಷ್ಟ ಆರೋಪವಿಲ್ಲದೆ ಎಲ್ಲರನ್ನೂ ಒಟ್ಟಾಗಿ ಸೇರಿಸಿದ್ದರೆ ಅವರನ್ನು ವಿಚಾರಣೆಗೆ ಎಳೆಯಬಾರದು ಎಂದು ಅದು ಹೇಳುತ್ತದೆ. ಆದರೆ ಈ ಅಧಿಕಾರವನ್ನು ಅಪರೂಪಕ್ಕೆ, ಎಚ್ಚರದಿಂದ ಬಳಸಬೇಕೆಂದು 2021ರ ನೀಹಾರಿಕಾ ತೀರ್ಪು ಒತ್ತಿ ಹೇಳಿದೆ. ಅದು ಸರಿ ಎಂದೇ ನನ್ನ ನಂಬಿಕೆ. ನಿಜವಾಗಿ ನೊಂದು ಬಂದವಳ ದೂರು ಸಾಕ್ಷಿ ಹೇಳುವ ಮೊದಲೇ ಸತ್ತುಹೋದರೆ ಅವಳಿಗೆ ಹೋಗಲು ಬೇರೆ ಜಾಗವಿಲ್ಲ.

ಹಲವರಿಗೆ ಗೊತ್ತಿಲ್ಲದ ಇನ್ನೊಂದು ದಾರಿ ಮ್ಯಾಜಿಸ್ಟ್ರೇಟ್ ನ್ಯಾಯಾಲಯದಲ್ಲಿಯೇ ಇದೆ. ಆರೋಪ ನಿಗದಿಯಾಗುವ ಮೊದಲು, ನಾಗರಿಕ ಸುರಕ್ಷಾ ಸಂಹಿತೆಯ 262ನೇ ಕಲಂ ಅಡಿ, ‘ನನ್ನ ಮೇಲಿನ ಆರೋಪಕ್ಕೆ ಆಧಾರವಿಲ್ಲ, ಕೈಬಿಡಿ’ ಎಂದು ಅರ್ಜಿ ಹಾಕಬಹುದು. ಇದನ್ನು ಡಿಸ್ಚಾರ್ಜ್ ಎನ್ನುತ್ತೇವೆ. ಖುಲಾಸೆ ಬೇರೆ, ಅದು ವಿಚಾರಣೆ ನಡೆದ ಮೇಲಿನ ಮಾತು. ಇಲ್ಲಿಯೂ ಪೊಲೀಸರು ಸಲ್ಲಿಸಿದ ಕಾಗದಗಳನ್ನೇ ನೋಡುತ್ತಾರೆ, ನಿಮ್ಮ ಚೀಲದವನ್ನಲ್ಲ. ಹೊಸ ಸಂಹಿತೆ ಇದಕ್ಕೆ 60 ದಿನಗಳ ಗಡುವು ಇಟ್ಟಿದೆ. ದೋಷಾರೋಪ ಪಟ್ಟಿ ಮತ್ತು ದಾಖಲೆಗಳ ಪ್ರತಿ ನಿಮಗೆ ಕೊಟ್ಟ ದಿನದಿಂದ ಎಣಿಕೆ ಶುರು.

ರಾಜಿಯ ಬಗ್ಗೆಯೂ ಕೇಳಿದ್ದೀರಿ. ಕೌಟುಂಬಿಕ ಕ್ರೌರ್ಯದ ಈ ಆರೋಪವನ್ನು ಕೆಳ ನ್ಯಾಯಾಲಯದಲ್ಲಿ ನೀವು ನೀವೇ ರಾಜಿ ಮಾಡಿಕೊಂಡು ಮುಗಿಸಲಾಗದು. ಆದರೆ ಅಣ್ಣ, ಅತ್ತಿಗೆ ಮನಃಪೂರ್ವಕ ಒಪ್ಪಂದಕ್ಕೆ ಬಂದರೆ ಹೈಕೋರ್ಟ್ ರದ್ದುಪಡಿಸಬಹುದು, 2003ರ ಬಿ.ಎಸ್. ಜೋಷಿ, 2012ರ ಗಿಯಾನ್ ಸಿಂಗ್ ತೀರ್ಪುಗಳು ಆ ದಾರಿ ತೆರೆದಿವೆ. ಕೊಲೆ, ಅತ್ಯಾಚಾರದಂಥ ಪ್ರಕರಣಗಳಿಗೆ ಇದು ಅನ್ವಯಿಸುವುದಿಲ್ಲ. ದಯವಿಟ್ಟು ಅತ್ತಿಗೆಯ ಮೇಲೆ ಯಾರಿಂದಲೂ ಒತ್ತಡ ಹೇರಿಸಬೇಡಿ.

ಮೊದಲು ದೂರಿನ ಪ್ರತಿಯನ್ನೂ ಸಾಕ್ಷಿಗಳ ಹೇಳಿಕೆಗಳನ್ನೂ ಕೆಂಪು ಪೆನ್ಸಿಲ್ ಹಿಡಿದು ಓದಿ. ಪ್ರತಿಗಳು ಕೈಗೆ ಬಂದ ತಾರೀಖು ಯಾವುದೆಂದು ನಿಮ್ಮ ವಕೀಲರನ್ನು ಇವತ್ತೇ ಕೇಳಿ.